ಮಳೆ ನೀರಿಗೆ ಕೈ ಹಾಕಿದ ವರ್ಷ

ಹೋದ ವಾರ ನ್ಯೂಜೆರ್ಸಿಯ ಹೋಬೋಕನ್ನಿನ ಒಂದು ಹೊಸ ಕಟ್ಟಡದ ನೆಲಮಾಳಿಗೆಗೆ ಇಳಿದಿದ್ದೆ. ಹಿಂದಿನ ದಿನ ಜೋರು ಮಳೆ ಬಂದು, ಹೊಸ ಕಾಂಕ್ರೀಟಿನ ಮೇಲೆ ಗೇಣುದ್ದ ನೀರು ನಿಂತಿತ್ತು. ಹಸಿ ಸಿಮೆಂಟು, ಮಳೆ ನೀರು, ಎರಡೂ ಸೇರಿ ಸುಣ್ಣದಂಥ ಒಂದು ತಂಪು ವಾಸನೆ. ಜೊತೆಗಿದ್ದ ಎಳೆಯ ಇಂಜಿನಿಯರು ಮೂಗು ಮುರಿದು, ಪಂಪ್ ತರಿಸಲು ಫೋನ್ ತೆಗೆದ. "ಇರು, ಅದನ್ನ ಮುಟ್ಟಬೇಡ," ಎಂದು ನನ್ನ ಬಾಯಿಂದ ಬಂದುಬಿಟ್ಟಿತು. ಯಾಕೆ ಎಂದು ಅವನು ಕೇಳಿದ. ಹೇಳುವುದಕ್ಕೆ ಹೋದರೆ ಇಡೀ ಒಂದು ವರ್ಷವನ್ನೇ ಹೇಳಬೇಕಿತ್ತು. "ಏನಿಲ್ಲ, ತರಿಸು," ಎಂದೆ. ಪಂಪ್ ಬಂತು, ನೀರು ಹೋಯಿತು. ನಾನು ಮಾತ್ರ ಸಂಜೆ ಫೋರ್ಟ್ ಲೀಯ ಮನೆಗೆ ಡ್ರೈವ್ ಮಾಡುತ್ತಾ ಪೂರ್ತಿ ದಾರಿ ಆ ವರ್ಷದಲ್ಲೇ ಇದ್ದೆ.

ನಾನು ಪ್ಲಂಬಿಂಗ್ ಇಂಜಿನಿಯರ್. ಮೈಸೂರಿನಲ್ಲಿರುವ ನಮ್ಮ ಚಾಚಿ ಇವತ್ತಿಗೂ, "ನಲ್ಲಿ ರಿಪೇರಿಗಾ ಅಷ್ಟು ದೂರ ಹೋದೆ, ಶಬೀನಾ?" ಎಂದು ಕೇಳುತ್ತಾರೆ. ನೀರನ್ನು ಮೂವತ್ತನೆಯ ಮಹಡಿಗೆ ಹತ್ತಿಸುವುದು, ಬಳಸಿದ್ದನ್ನು ಸದ್ದಿಲ್ಲದೆ ಕೆಳಗಿಳಿಸುವುದು, ಇಷ್ಟೇ ನನ್ನ ವಿದ್ಯೆ. ನೀರು ನನ್ನ ಮಾತು ಕೇಳುತ್ತದೆ ಎಂಬ ಸಣ್ಣ ಜಂಬವೂ ಇತ್ತು. ಆ ವರ್ಷದ ಏಪ್ರಿಲ್‌ನಲ್ಲಿ ನಮ್ಮ ಕಂಪನಿಗೆ ಒಂದು ಪುಟ್ಟ ಕೆಲಸ ಬಂತು. ಉತ್ತರ ಜೆರ್ಸಿಯ ಒಂದು ಸಣ್ಣ ಊರಿನ ಸಂಪ್ರದಾಯಸ್ಥ ಯಹೂದಿ ಕುಟುಂಬಗಳಿಗೆ ಮಿಕ್ವಾ ಕಟ್ಟಿಕೊಡಬೇಕಿತ್ತು. ಊರಿನ ಹೆಸರು ಬೇಡ. ಜನರ ಹೆಸರನ್ನೂ ಬದಲಾಯಿಸಿದ್ದೇನೆ. ಸೈಟಿನ ಉಸ್ತುವಾರಿ ಲೋಬೋ ಅಂಕಲ್‌ರದು. ಮಂಗಳೂರು ಬಿಟ್ಟು ಇಪ್ಪತ್ತೈದು ವರ್ಷವಾದರೂ ಅವರ ನಾಲಿಗೆಯಿಂದ ಮಂಗಳೂರು ಇಳಿದಿಲ್ಲ.

ಮಿಕ್ವಾ ಎಂದರೆ ಮುಳುಗುವ ತೊಟ್ಟಿ. ಮದುವೆಯಾದ ಹೆಂಗಸು ತಿಂಗಳ ಮುಟ್ಟು ನಿಂತ ಮೇಲೆ ಏಳು ದಿನ ಎಣಿಸಿ, ಏಳನೆಯ ದಿನದ ಸೂರ್ಯ ಮುಳುಗಿ ನಕ್ಷತ್ರ ಮೂಡಿದ ಮೇಲೆ ಅದರಲ್ಲಿ ಮುಳುಗಿ ಏಳುತ್ತಾಳೆ. ಅಲ್ಲಿಯವರೆಗೆ, ಅಂದರೆ ತಿಂಗಳಿಗೆ ಹೆಚ್ಚುಕಡಿಮೆ ಹನ್ನೆರಡು ದಿನ, ಗಂಡ ಹೆಂಡತಿ ಒಬ್ಬರನ್ನೊಬ್ಬರು ಮುಟ್ಟುವುದಿಲ್ಲ. ಇದನ್ನು ನನಗೆ ತಿಳಿಸಿ ಹೇಳಿದವರು ಹಾನಾ. ಅರವತ್ತು ದಾಟಿದ ದುಂಡು ಮುಖದ ಹೆಂಗಸು. ಮಿಕ್ವಾ ತೆರೆದ ಮೇಲೆ ಬರುವವರ ಜೊತೆಗಿದ್ದು, ತಲೆಗೂದಲೂ ಸಹಿತ ಪೂರ್ತಿ ಮುಳುಗಿದರೇ ಎಂದು ನೋಡಿ ಹೇಳುವ ಕೆಲಸ ಅವರದು. ನಮ್ಮ ಪಕ್ಕದ ಮನೆಯ ಪದ್ಮಾ ತಿಂಗಳಿಗೆ ಮೂರು ದಿನ ಹಿತ್ತಲ ಬಾಗಿಲ ಹತ್ತಿರ ಚಾಪೆ ಹಾಕಿಕೊಂಡು ಕೂರುತ್ತಿದ್ದುದನ್ನು ನೋಡಿ ಬೆಳೆದವಳು ನಾನು. ಬಾಯಲ್ಲಿ ಮಾತು ನಿಲ್ಲುವ ಜಾಯಮಾನವೂ ನನ್ನದಲ್ಲ. ನೇರವಾಗಿ ಕೇಳಿಬಿಟ್ಟೆ.

"ಅಂದ್ರೆ ಆ ದಿನಗಳಲ್ಲಿ ಹೆಂಗಸು ಕೊಳೆ ಅಂತಲಾ?"

ಹಾನಾ ನಕ್ಕರು. "ಕೊಳೆ ತೊಳೆಯೋಕೆ ಆಗಿದ್ರೆ, ಒಂದು ಗಂಟೆ ಸ್ನಾನ ಮಾಡಿ, ಉಗುರು ಕತ್ತರಿಸಿ, ಹಲ್ಲುಜ್ಜಿ, ತಲೆಯ ಸಿಕ್ಕು ಬಿಡಿಸ್ಕೊಂಡು ಬಾ ಅಂತ ಯಾಕೆ ಹೇಳ್ತೀವಿ? ಪೂರ್ತಿ ಸ್ವಚ್ಛ ಆದ ಮೇಲೇನೇ ನೀರಿಗೆ ಇಳಿಯೋದು. ಮೈಗೂ ನೀರಿಗೂ ನಡುವೆ ಒಂದು ಉಂಗುರ ಕೂಡ ಇರಬಾರದು."

"ಹಾಗಾದ್ರೆ ಆ ನೀರು ಏನು ಮಾಡುತ್ತೆ?"

"ನನಗೂ ಗೊತ್ತಿಲ್ಲ. ನಲವತ್ತು ವರ್ಷದಿಂದ ಇಳಿದಿದ್ದೀನಿ, ಇಳಿಸಿದ್ದೀನಿ. ಎದ್ದು ಬರೋ ಮುಖ ಬೇರೆ ಇರುತ್ತೆ, ಅಷ್ಟೇ ನೋಡಿರೋದು."

ಕೆಲಸ ಸಣ್ಣದಾದರೂ ನನ್ನ ತಲೆ ತಿಂದಿತು. ಪಕ್ಕಪಕ್ಕದಲ್ಲಿ ಎರಡು ತೊಟ್ಟಿ. ಒಂದರಲ್ಲಿ ಹೆಂಗಸರು ಮುಳುಗುತ್ತಾರೆ. ಅದಕ್ಕೆ ಬಿಸಿ ಮಾಡಿದ ನಲ್ಲಿ ನೀರಾದರೂ ಆದೀತು. ಇನ್ನೊಂದು ಮಳೆ ನೀರಿನದು. ನಡುಗೋಡೆಯಲ್ಲಿ ಕಿತ್ತಳೆ ಹಣ್ಣು ತೂರುವಷ್ಟು ತೂತು. ಆ ತೂತಿನಲ್ಲಿ ನಲ್ಲಿ ನೀರು ಮಳೆ ನೀರನ್ನು ಮುಟ್ಟಿದರೆ ಅದೂ ಮಳೆ ನೀರೇ ಆದಂತೆ. ಆದರೆ ಆ ಮಳೆ ನೀರು ತಾನಾಗಿಯೇ ಬಂದಿರಬೇಕು. ಪಂಪ್ ಮಾಡಿದ್ದಲ್ಲ, ಹೊತ್ತು ತಂದದ್ದಲ್ಲ, ಯಾವ ಪಾತ್ರೆಯಲ್ಲೂ ಒಂದು ಗಳಿಗೆ ನಿಂತದ್ದಲ್ಲ. ಛಾವಣಿಯಿಂದ ತೊಟ್ಟಿಯವರೆಗಿನ ಪೈಪಿನಲ್ಲಿ ಒಂದು ಚಮಚ ನೀರು ನಿಲ್ಲುವಷ್ಟು ತಗ್ಗು ಕೂಡ ಇರಬಾರದು. ಇದನ್ನೆಲ್ಲ ಬರೆದ ಏಳು ಪುಟಗಳನ್ನು ಅವರ ಧರ್ಮಗುರು, ರಬ್ಬಿ, ಕಳಿಸಿದ್ದರು.

"ಇಷ್ಟು ವರ್ಷ ನೀರನ್ನು ನಾವು ಓಡಿಸಿದ್ದು. ಇಲ್ಲಿ ನೀರು ನಮ್ಮನ್ನು ಓಡಿಸ್ತದೆ ಮಾರಾಯ್ತಿ," ಎಂದರು ಲೋಬೋ ಅಂಕಲ್. ನಕ್ಷೆಯನ್ನು ಆರು ಸಲ ತಿದ್ದಿದೆ.

ಊರಿನವರ ಪರವಾಗಿ ನಮ್ಮ ಜೊತೆ ವ್ಯವಹರಿಸುತ್ತಿದ್ದವಳು ದೀನಾ. ಶಾಲೆಯಲ್ಲಿ ಗಣಿತದ ಟೀಚರ್, ಮೂವತ್ತೊಂಬತ್ತು ವರ್ಷ, ತಲೆಗೆ ಯಾವಾಗಲೂ ನೀಲಿ ಸ್ಕಾರ್ಫ್. ಪ್ರತಿ ಗುರುವಾರ ಶಾಲೆ ಬಿಟ್ಟ ಮೇಲೆ ಫ್ಲಾಸ್ಕಿನಲ್ಲಿ ಕಾಫಿ ತರುತ್ತಿದ್ದಳು. ಒಮ್ಮೆ ಅವಳ ಗಂಡ ಕಾರಿನ ಕೀ ಕೊಡಲು ಬಂದವನು, ಕೈಗೆ ಕೊಡದೆ ಕಾರಿನ ಬಾನೆಟ್ ಮೇಲೆ ಇಟ್ಟು ಹಿಂದೆ ಸರಿದ. ಅವಳು ಎತ್ತಿಕೊಂಡಳು. ಅಯ್ಯೋ ಪಾಪ, ಜಗಳ ಆಡಿರಬೇಕು ಎಂದುಕೊಂಡೆ. ಆಮೇಲೆ ನೋಡಿದರೆ ಇಬ್ಬರೂ ಒಬ್ಬರನ್ನೊಬ್ಬರು ನೋಡಿ ನಗುತ್ತಿದ್ದಾರೆ. ಅಂಥ ನಗುವನ್ನು ನಾನು ಹೊಸದಾಗಿ ಮದುವೆ ಗೊತ್ತಾದವರ ಮುಖದಲ್ಲಿ ಮಾತ್ರ ಕಂಡಿದ್ದೆ. ಹನ್ನೆರಡು ದಿನ ಕೀ ಕೂಡ ಕೈಯಿಂದ ಕೈಗೆ ಹೋಗುವುದಿಲ್ಲ ಎಂದು ತಿಳಿದದ್ದು ಅನಂತರ. ತಿಳಿದ ದಿನ ಸಂಜೆ ಮನೆಯಲ್ಲಿ ನನ್ನ ಗಂಡ ಇಮ್ತಿಯಾಜ್ ಟಿವಿಯಿಂದ ಕಣ್ಣು ತೆಗೆಯದೆ ನನ್ನ ಕೈಯಿಂದ ಚಹಾದ ಕಪ್ಪು ತೆಗೆದುಕೊಂಡ. ಅವನ ಬೆರಳು ನನ್ನ ಬೆರಳಿಗೆ ತಗುಲಿತು. ನಮ್ಮಿಬ್ಬರಿಗೂ ಅದು ಲೆಕ್ಕಕ್ಕೇ ಬರದ ವಿಷಯವಾಗಿತ್ತು, ನೋಡಿ ನನಗೇ ನಾಚಿಕೆಯಾಯಿತು.

ಒಂದು ಗುರುವಾರ ದೀನಾ ನನ್ನ ಕಾರಿನಲ್ಲಿ ಕೂತು, ತಾನಾಗಿಯೇ ಬಾಯಿ ಬಿಟ್ಟಳು.

"ಇದನ್ನ ನಮ್ಮವರ ಹತ್ರ ಹೇಳೋಹಾಗಿಲ್ಲ. ಯಾರು ಯಾವತ್ತು ಮುಳುಗ್ತಾರೆ ಅನ್ನೋದು ತಾಯಿಗೂ ಗೊತ್ತಾಗಬಾರದು. ನೀನು ಹೊರಗಿನವಳು, ಅದಕ್ಕೆ ಹೇಳ್ತೀನಿ. ನನ್ನದು ಸರಿಯಾಗಿ ಇಪ್ಪತ್ತೆಂಟು ದಿನ. ಇಪ್ಪತ್ತೆಂಟನ್ನ ಏಳರಿಂದ ಭಾಗಿಸು."

"ನಾಲ್ಕು."

"ಶೇಷ?"

"ಸೊನ್ನೆ."

"ಅದೇ. ಸೋಮವಾರ ಶುರುವಾದ್ರೆ ಪ್ರತಿ ಸಲನೂ ಸೋಮವಾರನೇ. ಅಲ್ಲಿಂದ ಹನ್ನೆರಡನೇ ದಿನ, ಮುಳುಗೋ ಸರದಿ, ಪ್ರತಿ ಸಲನೂ ಶುಕ್ರವಾರ ಸಂಜೆನೇ."

ಶುಕ್ರವಾರ ಸೂರ್ಯ ಮುಳುಗಿದರೆ ಅವರ ಶಬ್ಬಾತ್, ವಿಶ್ರಾಂತಿಯ ದಿನ, ಶುರು. ಕಾರು ಓಡಿಸುವಂತಿಲ್ಲ. ಹತ್ತಿರದ ಮಿಕ್ವಾ ಹೈವೇ ಮೇಲೆ ಮುಕ್ಕಾಲು ಗಂಟೆ ದೂರ. ಬೇರೆಯವರಾದರೆ ಗಂಡನ ಜೊತೆ ಆ ಊರಿಗೆ ಹೋಗಿ ಶಬ್ಬಾತ್ ಕಳೆದು ಬರುತ್ತಾರೆ. ದೀನಾಳ ಮನೆಯಲ್ಲಿ ಹಾಸಿಗೆ ಹಿಡಿದ ಅತ್ತೆ. ಹಾಗಾಗಿ ಪ್ರತಿ ಸಲ ಶನಿವಾರ ರಾತ್ರಿಯವರೆಗೆ ಕಾಯಬೇಕು. ಒಂದು ದಿನ ತಾನೇ ಎಂದು ನಾನು ಬಾಯಿ ತೆರೆಯುವಷ್ಟರಲ್ಲಿ ಅವಳೇ ಹೇಳಿದಳು.

"ಮದುವೆಯಾಗಿ ಆರು ವರ್ಷ. ಮಗು ಇಲ್ಲ. ಡಾಕ್ಟರು ಟೆಸ್ಟ್ ಮಾಡಿ ನೋಡಿದ್ರು. ನನ್ನ ಮೈಗೆ ಅವಸರ ಜಾಸ್ತಿಯಂತೆ, ಅಂಡಾಣು ಬೇಗ ಬಿಡುಗಡೆ ಆಗಿಬಿಡುತ್ತಂತೆ. ಶನಿವಾರ ಅಂದ್ರೆ ತಡ, ಶುಕ್ರವಾರ ಆದ್ರೆ ಆಗಬಹುದು ಅಂದ್ರು. ಈ ಊರಲ್ಲೇ ಮಿಕ್ವಾ ಇದ್ರೆ ನಾನು ನಡ್ಕೊಂಡು ಹೋಗಬಹುದು, ಶಬೀನಾ. ಎಂಟು ನಿಮಿಷದ ದಾರಿ."

"ನಿಂಗೆ ಸಿಟ್ಟು ಬರಲ್ವಾ? ಒಂದು ಸಲ, ಒಂದೇ ಒಂದು ಸಲ ಕಾರಲ್ಲಿ..."

"ಬರುತ್ತೆ. ಕೆಲವು ತಿಂಗಳು ತುಂಬಾ ಸಿಟ್ಟು ಬರುತ್ತೆ," ಎಂದು ಫ್ಲಾಸ್ಕಿನ ಮುಚ್ಚಳ ತಿರುಗಿಸಿ ಮುಚ್ಚಿದಳು. "ಆದ್ರೂ ಕಾರು ತೆಗೆಯಲ್ಲ."

ಅಂದಿನಿಂದ ಆ ತೊಟ್ಟಿ ನನಗೆ ಬರೀ ಕೆಲಸವಾಗಿ ಉಳಿಯಲಿಲ್ಲ. ಬೇಸಿಗೆ ಮುಗಿಯುವಷ್ಟರಲ್ಲಿ ಕಟ್ಟಡ ಎದ್ದಿತು. ಟೌನ್‌ಶಿಪ್‌ನ ಇನ್ಸ್‌ಪೆಕ್ಟರ್ ಸಹಿ ಹಾಕಿದ. ಆಗಸ್ಟಿನ ಎರಡು ಗುಡುಗು ಮಳೆ ಛಾವಣಿಯಿಂದ ಸರಾಗವಾಗಿ ಇಳಿದು, ತೊಟ್ಟಿ, ಮಳೆ ನೀರು ಇಷ್ಟಿರಲೇಬೇಕು ಎಂದು ರಬ್ಬಿ ಹಾಕಿಸಿದ್ದ ಗುರುತಿಗೆ ಒಂದು ಗೇಣು ಕಡಿಮೆಯಷ್ಟು ತುಂಬಿತು. ಇನ್ನೊಂದು ಸಣ್ಣ ಮಳೆ ಸಾಕಿತ್ತು. ಅಲ್ಲಿಗೆ ಮಳೆ ನಿಂತುಹೋಯಿತು. ಸೆಪ್ಟೆಂಬರ್ ಪೂರ್ತಿ ನೀಲಿ ಆಕಾಶ. ಆಫೀಸಿನಲ್ಲಿ ಎಲ್ಲರೂ, ವಾಹ್ ಎಂಥ ವೆದರ್ ಎಂದು ಹೊರಗೆ ಊಟ ಮಾಡುತ್ತಿದ್ದರೆ ನನಗೆ ಹೊಟ್ಟೆ ಉರಿಯುತ್ತಿತ್ತು.

ಅಕ್ಟೋಬರ್‌ನ ಒಂದು ಮಂಗಳವಾರ ಸೈಟಿಗೆ ಹೋದಾಗ ತೊಟ್ಟಿಯ ನೀರು ಎರಡು ಬೆರಳು ಇಳಿದಿತ್ತು. ಆವಿಯೋ, ಸೋರಿಕೆಯೋ? ನಮ್ಮ ಕಸುಬಿನಲ್ಲಿ ಇದಕ್ಕೆ ಹಳೆಯ ಪದ್ಧತಿಯಿದೆ: ಒಂದು ಗೆರೆಯವರೆಗೆ ತುಂಬು, ಒಂದು ದಿನ ಬಿಡು, ಮತ್ತೆ ಅಳೆ. ಮೂಲೆಯಲ್ಲಿ ಕೆಲಸಗಾರರ ಬಕೆಟ್ಟಿತ್ತು. ನಲ್ಲಿಯಿಂದ ತುಂಬಿದೆ. ಬಿಸ್ಮಿಲ್ಲಾ ಎಂದು ನಾಲ್ಕು ಬಕೆಟ್ ಸುರಿದು, ಗೋಡೆಯ ಮೇಲೆ ಪೆನ್ಸಿಲ್ಲಿನಲ್ಲಿ ಗೆರೆ ಎಳೆದೆ.

ಏಳು ಪುಟಗಳನ್ನೂ ನಾನು ಓದಿದ್ದೆ. ಹೊತ್ತು ತಂದ ನೀರು ಬೀಳಬಾರದು ಎಂದು ಅದರಲ್ಲಿ ಸ್ಪಷ್ಟವಾಗಿತ್ತು. ಆದರೆ ನಾನು ನೋಡಿದ್ದು ಪೈಪು, ವಾಲ್ವು, ಪಂಪು. ಬಕೆಟ್ಟು ನನ್ನ ಕಣ್ಣಿಗೆ ಪ್ಲಂಬಿಂಗ್ ಆಗಿ ಕಾಣಲೇ ಇಲ್ಲ. ಬಕೆಟ್ಟು ಚೊಂಬಿನಲ್ಲೇ ಬೆಳೆದ ಹುಡುಗಿ ನಾನು. ಅಮ್ಮಿ ಹಂಡೆಯಿಂದ ಬಿಸಿನೀರು ತೋಡಿ ತಲೆಯ ಮೇಲೆ ಹೊಯ್ದು, ಗುಸ್ಲ್ ಮಾಡಿಸಿ, "ಈಗ ಪಾಕ್ ಆದೆ, ಹೋಗಿ ನಮಾಜ್ ಮಾಡು" ಎನ್ನುತ್ತಿದ್ದರು. ನನ್ನ ಮಟ್ಟಿಗೆ ಕೈಯಿಂದ ಹೊಯ್ದ ನೀರಿಗಿಂತ ಶುದ್ಧವಾದದ್ದು ಇನ್ನೊಂದಿರಲಿಲ್ಲ.

ಬಕೆಟ್ಟನ್ನು ಬೋರಲು ಹಾಕುತ್ತಿದ್ದಾಗ ಲೋಬೋ ಅಂಕಲ್ ಬಂದರು. ಒದ್ದೆಯಾದ ನೆಲ ನೋಡಿದರು, ಬಕೆಟ್ ನೋಡಿದರು.

"ಎಂತ ಮಾಡಿದೆ ನೀನು?"

"ಲೀಕ್ ಟೆಸ್ಟ್, ಅಂಕಲ್."

"ಬಕೆಟಲ್ಲಿ ಹಾಕಿದ್ಯಾ? ಅಯ್ಯೋ ದೇವರೇ! ಗುರುತು ಮುಟ್ಟುವ ಮೊದಲು ಒಂದು ಬಕೆಟ್ ಬಿದ್ದರೂ ಪೂರ್ತಿ ನೀರು ಹಾಳು ಅಂತ ಐದನೇ ಪುಟದಲ್ಲಿ ಉಂಟಲ್ಲ!"

ಇಬ್ಬರೂ ತೊಟ್ಟಿಯೊಳಗೆ ಬಗ್ಗಿ ನೋಡಿದೆವು. ನೀರು ತಿಳಿಯಾಗಿತ್ತು. ಯಾವುದು ಆಕಾಶದ್ದು, ಯಾವುದು ನಲ್ಲಿಯದು ಎಂದು ಹೇಳಬಲ್ಲ ಲ್ಯಾಬು ಆ ಊರಲ್ಲಿರಲಿ, ಇಡೀ ದೇಶದಲ್ಲೂ ಇರಲಿಕ್ಕಿಲ್ಲ. ಬಾಯಿ ಮುಚ್ಚಿಕೊಂಡಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ದೀನಾಳ ಮುಂದಿನ ಶುಕ್ರವಾರಕ್ಕೆ ಇನ್ನು ಹತ್ತೇ ದಿನ. ಅಷ್ಟರಲ್ಲಿ ಒಂದು ಹನಿಮಳೆ ಬಂದರೆ ಅವಳು ನಡೆದು ಬಂದು ಮುಳುಗಬಹುದಿತ್ತು. ಒಂದು ಮಗು ಕೂಡ ಆಗಬಹುದಿತ್ತು. ಸುಳ್ಳಿನಿಂದ ಆಗುವ ಒಳ್ಳೆಯದು ನನ್ನ ಕಣ್ಣೆದುರಿಗೇ ಇತ್ತು. ಅಂಕಲ್ ಟೊಪ್ಪಿ ತೆಗೆದು ಹೊರಗೆ ಹೋದರು.

ಹತ್ತು ನಿಮಿಷ ತೊಟ್ಟಿಯ ಪಕ್ಕದ ಮೆಟ್ಟಿಲ ಮೇಲೆ ಕೂತಿದ್ದೆ. ಬಾನೆಟ್ ಮೇಲಿಟ್ಟ ಕೀ ಮತ್ತೆ ಮತ್ತೆ ಕಣ್ಣಿಗೆ ಬರುತ್ತಿತ್ತು. ಯಾರೂ ನೋಡದಿದ್ದಾಗಲೂ ಆ ಗಂಡ ಹೆಂಡತಿ ಕೀಯನ್ನು ಹಾಗೆಯೇ ಇಡುತ್ತಾರೆ, ಮುಚ್ಚಿದ ಬಾಗಿಲ ಹಿಂದೆಯೂ ಇಡುತ್ತಾರೆ. ಅಂಥವಳನ್ನು ಸುಳ್ಳು ನೀರಿಗೆ ಇಳಿಸುವ ಧೈರ್ಯ ನನಗೆ ಬರಲಿಲ್ಲ. ದೀನಾಗೆ ಫೋನ್ ಮಾಡಿದೆ. ಹೇಳಿದೆ.

ಆ ಕಡೆ ಶಾಲೆಯ ಗಂಟೆ ಕೇಳಿಸಿತು.

"ಎಷ್ಟು?" ಎಂದಳು.

"ನಾಲ್ಕು ಬಕೆಟ್."

"ಸರಿ. ರಬ್ಬಿಗೆ ನಾನೇ ಹೇಳ್ತೀನಿ." ಆಮೇಲೆ, "ಹೇಳಿದ್ದು ಒಳ್ಳೇದಾಯ್ತು, ಶಬೀನಾ," ಎಂದಳು.

ಮರುದಿನ ತೊಟ್ಟಿ ಖಾಲಿ ಮಾಡಿದೆವು. ರಬ್ಬಿ ಬಂದಿದ್ದರು, ಹಾನಾ ಬಂದಿದ್ದರು. ಒಬ್ಬರೂ ಒಂದು ಮಾತು ಬೈಯಲಿಲ್ಲ. ಬೈದಿದ್ದರೆ ನನಗೆ ಎಷ್ಟೋ ಸಮಾಧಾನವಾಗುತ್ತಿತ್ತು. ಪಂಪಿನ ಸ್ವಿಚ್ ಒತ್ತಲು ನನ್ನ ಕೈ ಏಳಲಿಲ್ಲ. ದೀನಾ ಮುಂದೆ ಬಂದು ತಾನೇ ಒತ್ತಿದಳು. ಎರಡು ತಿಂಗಳು ಕಾದಿಟ್ಟ ಮಳೆ ಚರಂಡಿಗೆ ಹೋಗುವವರೆಗೂ ಅಲುಗಾಡದೆ ನಿಂತು ನೋಡಿದಳು. ಇಷ್ಟು ದೊಡ್ಡ ನಷ್ಟವನ್ನು ಇಷ್ಟು ನೆಟ್ಟಗೆ ನಿಂತು ಒಪ್ಪಿಕೊಂಡವರನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ.

ಮುಂದಿನ ವಾರದ ಬುಧವಾರ ಮಳೆ ಬಂತು. ಅರ್ಧ ಗಂಟೆಯ ಸಣ್ಣ ಮಳೆ. ಹಳೆಯ ನೀರಿದ್ದಿದ್ದರೆ ಆ ಒಂದು ಗೇಣು ಸರಿಯಾಗಿ ತುಂಬುತ್ತಿತ್ತು. ಈಗ ತೊಟ್ಟಿಯ ತಳದಲ್ಲಿ ಬರೀ ಒಂದು ಗೇಣು ನೀರಾಯಿತು. ದೀನಾಳ ಶುಕ್ರವಾರ ಹೋಯಿತು. ನಾನು ಬಾತ್‌ರೂಮಿನ ಬಾಗಿಲು ಹಾಕಿಕೊಂಡು ಅತ್ತೆ. ಇಮ್ತಿಯಾಜ್ ಬಾಗಿಲು ತಟ್ಟಿ, "ಏನಾಯ್ತೇ? ಆಫೀಸಲ್ಲಿ ಏನಾದ್ರೂ ಪ್ರಾಬ್ಲಮ್ಮಾ?" ಎಂದು ಕೇಳಿದ. ಹೌದು ಎಂದೆ.

ನವೆಂಬರ್ ಇನ್ನೂ ಒಣಗಿತು. ಕಾಡುಗಳಿಗೆ ಬೆಂಕಿ ಬಿದ್ದು ಹೊಗೆಯ ವಾಸನೆ ಫೋರ್ಟ್ ಲೀಯ ಹದಿನೆಂಟನೆಯ ಮಹಡಿಯವರೆಗೂ ಬಂತು. ನಮ್ಮ ಮಸೀದಿಯಲ್ಲಿ ಮಳೆಗಾಗಿ ನಮಾಜು ನಡೆಯಿತು. ಲೋಬೋ ಅಂಕಲ್ ಚರ್ಚಿನಲ್ಲಿ ಮೇಣದ ಬತ್ತಿ ಹಚ್ಚಿದರಂತೆ. ಈ ಕಾಲದಲ್ಲಿ ತಮ್ಮ ಪ್ರಾರ್ಥನೆಯಲ್ಲಿ ಮಳೆಗೆಂದೇ ಒಂದು ಸಾಲು ಸೇರುತ್ತದೆ ಎಂದು ಹಾನಾ ಹೇಳಿದರು. ಐಸೆಲಿನ್‌ಗೆ ನಮ್ಮ ಕಡೆಯ ದಿನಸಿ ತರಲು ಹೋದಾಗಲೂ ನಾನು ಅಂಗಡಿಯ ಬಾಗಿಲಲ್ಲಿ ನಿಂತು ಆಕಾಶ ನೋಡುತ್ತಿದ್ದೆ. ನೀರನ್ನು ಮೂವತ್ತು ಮಹಡಿ ಹತ್ತಿಸಿದವಳಿಗೆ ಒಂದು ಹನಿಯನ್ನು ಕೆಳಗಿಳಿಸುವ ಉಪಾಯ ತಿಳಿದಿರಲಿಲ್ಲ.

ದೀನಾಳ ಮುಂದಿನ ಶುಕ್ರವಾರಕ್ಕೆ ಒಂದೇ ದಿನ ಉಳಿದಿತ್ತು. ಗುರುವಾರ ಬೆಳಗಿನ ಜಾವ ಫೋನ್ ಹೊಡೆದುಕೊಂಡಿತು. "ಬೇಗ ಬಾ ಮಾರಾಯ್ತಿ, ಬಂತು!" ಎಂದರು ಅಂಕಲ್. ಕಿಟಕಿಯ ಹೊರಗೆ ಧೋ ಎಂದು ಸುರಿಯುತ್ತಿತ್ತು. ಸೈಟು ಮುಟ್ಟಿದಾಗ ಹಾನಾ, ದೀನಾ ಆಗಲೇ ತೊಟ್ಟಿಯ ಪಕ್ಕ ನಿಂತಿದ್ದರು. ಪೈಪಿನ ಬಾಯಿಂದ ನೀರು ಒಂದೇ ಸಮನೆ ಬೀಳುತ್ತಿತ್ತು. ನಾನು ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ. ನೋಡಿದರೆ ಎಲ್ಲರೂ ಹಾಗೆಯೇ ಕಟ್ಟಿಕೊಂಡಿದ್ದರು. ನನ್ನದೇ ಲೆಕ್ಕ, ನನ್ನದೇ ಪೈಪು, ನನ್ನದೇ ಇಳಿಜಾರು. ಆದರೂ ಬೀಳುತ್ತಿದ್ದ ಆ ನೀರಿನಲ್ಲಿ ನನ್ನದು ಎನ್ನುವುದು ಏನೂ ಇರಲಿಲ್ಲ. ಸಮುದ್ರದಿಂದ ಎದ್ದು, ಎಲ್ಲೆಲ್ಲೋ ಅಲೆದು, ಯಾರ ಕೈಗೂ ಸಿಗದೆ, ಎಂಟು ಅಡಿಯ ಈ ತೊಟ್ಟಿಯನ್ನು ಹುಡುಕಿಕೊಂಡು ಬಂದಿತ್ತು. ಮಸೀದಿಯಲ್ಲಿ ಕೂಡ ಅಷ್ಟು ಸುಮ್ಮನೆ ನಾನು ಯಾವತ್ತೂ ನಿಂತಿರಲಿಲ್ಲ. ಸಂಜೆ ನಾಲ್ಕರ ಹೊತ್ತಿಗೆ ನೀರು ಗುರುತನ್ನು ಮುಟ್ಟಿ, ದಾಟಿತು. ಲೋಬೋ ಅಂಕಲ್ ಎದೆಯ ಮೇಲೆ ಶಿಲುಬೆ ಬರೆದುಕೊಂಡರು. ದೀನಾ ಗೋಡೆಯ ಕಡೆ ತಿರುಗಿ ತುಂಬಾ ಹೊತ್ತು ಹಾಗೆಯೇ ಇದ್ದಳು.

ಶುಕ್ರವಾರ ಬೆಳಗ್ಗೆ ರಬ್ಬಿ ಅಳೆದು ನೋಡಿ ಸರಿ ಎಂದು ತಲೆಯಾಡಿಸಿದರು. ಮುಳುಗುವ ತೊಟ್ಟಿಗೆ ನಲ್ಲಿ ನೀರು ತುಂಬಿದೆವು, ನಡುಗೋಡೆಯ ತೂತಿನಲ್ಲಿ ಎರಡು ನೀರೂ ಮುಟ್ಟಿಕೊಂಡವು. ಬಾಯ್ಲರ್ ಹದಕ್ಕೆ ತಂದು, ದೀಪಗಳನ್ನು ಹಾಕಿ, ಸೂರ್ಯ ಮುಳುಗುವ ಮೊದಲೇ ಎಲ್ಲವನ್ನೂ ಸಿದ್ಧಮಾಡಿದೆ. ಆಮೇಲೆ ಅವರು ಸ್ವಿಚ್ ಮುಟ್ಟುವಂತಿಲ್ಲ. ಹಾನಾ ಟವೆಲ್‌ಗಳನ್ನು ಮಡಿಸಿಡುತ್ತಾ ನನ್ನನ್ನು ಕಳಿಸಿಕೊಟ್ಟರು.

"ಇನ್ನು ನೀನು ಹೊರಡು. ಇಲ್ಲಿಗೆ ಬರೋ ದಾರಿಯಲ್ಲಿ ಯಾರಾದ್ರೂ ಎದುರಾದ್ರೆ ನಾವು ಮಾತಾಡಿಸಲ್ಲ. ನೋಡಲೇ ಇಲ್ಲ ಅಂತ ಇದ್ದುಬಿಡ್ತೀವಿ."

ಓಣಿಯಲ್ಲಿ ನಿಲ್ಲಿಸಿದ್ದ ಕಾರಿಗೆ ಬಂದು ಕೂತಾಗ ಕತ್ತಲಾಗಿತ್ತು. ಮಳೆ ಇನ್ನೂ ಜಿನುಗುತ್ತಿತ್ತು. ಕಾರು ಶುರು ಮಾಡಿದರೆ ಹೆಡ್‌ಲೈಟಿನ ಬೆಳಕಿಗೆ ಒಂದು ಹೆಂಗಸು ಬಂದಳು. ಕೊಡೆ ಇರಲಿಲ್ಲ; ಶಬ್ಬಾತ್ ದಿನ ಕೊಡೆಯನ್ನೂ ಬಿಚ್ಚುವುದಿಲ್ಲ. ನೀಲಿ ಸ್ಕಾರ್ಫ್ ಒದ್ದೆಯಾಗಿ ತಲೆಗೆ ಅಂಟಿತ್ತು. ಎಂಟು ನಿಮಿಷದ ದಾರಿಯಲ್ಲಿ ಅವಳು ಓಡುತ್ತಲೂ ಇರಲಿಲ್ಲ, ತಡ ಮಾಡುತ್ತಲೂ ಇರಲಿಲ್ಲ. ಕೂಗಲು ನನ್ನ ಬಾಯಿ ತೆರೆಯಿತು, ಕೈ ಗಾಜಿನವರೆಗೆ ಎದ್ದಿತು. ಕೈ ಇಳಿಸಿ ದೀಪ ಆರಿಸಿದೆ. ಸ್ಟಿಯರಿಂಗಿಗೆ ಹಣೆ ಒತ್ತಿ ಕಣ್ಣು ಮುಚ್ಚಿಕೊಂಡೆ. ಹೆಜ್ಜೆ ಸದ್ದು ಕಾರಿನ ಪಕ್ಕ ಬಂತು, ಒಂದು ಕ್ಷಣ ನಿಂತಂತಾಯಿತು, ಮುಂದೆ ಹೋಯಿತು. ಬಾಗಿಲು ತೆರೆದು ಮುಚ್ಚಿದ್ದು ಕೇಳಿಸಿತು.

ಮನೆಗೆ ಬಂದಾಗ ಇಮ್ತಿಯಾಜ್ ಅನ್ನ ಬಿಸಿ ಮಾಡುತ್ತಿದ್ದ. "ಓಪನ್ ಆಯ್ತಾ ನಿನ್ನ ತೊಟ್ಟಿ?" ಎಂದ. "ಯಾರಾದ್ರೂ ಬಂದ್ರಾ?"

ಮದುವೆಯಾದಂದಿನಿಂದ ಅವನ ಹತ್ತಿರ ನಾನು ಒಂದೂ ಸುಳ್ಳು ಹೇಳಿದವಳಲ್ಲ.

"ಗೊತ್ತಿಲ್ಲ," ಎಂದೆ. "ನಾನು ಯಾರನ್ನೂ ನೋಡಲಿಲ್ಲ."